ಈ ಭಾನುವಾರ ಜಾರ್ಜ್ ಕಾನ್ಸೆಕೊ ಹಾಡುಗಳು

ಎಲ್ಲರಿಗೂ ನಮಸ್ಕಾರ. ಈ ವಾರ ನಾವು ಕೇಳುವುದು ಫಿಲಿಪೀನ್ಸ್‌ನ ಸಂಗೀತ ಸಂಯೋಜಕ ಜಾರ್ಜ್ ಕಾನ್ಸೆಕೊ ಅವರ ಹಾಡುಗಳನ್ನು. ಹೆಸರು ಹೊಸದು ಅನ್ನಿಸಬಹುದು, ಆದರೆ ರಾಗ ಕೇಳಿದ ಮೇಲೆ ಹಾಗನ್ನಿಸಲ್ಲ ನೋಡಿ.

ಹುಟ್ಟಿದ್ದು 1934ರಲ್ಲಿ, ಕಾವೀಟೆ ಪ್ರಾಂತ್ಯದ ನಾಯಿಕ್ ಊರಿನಲ್ಲಿ. ಮೊದಲು ಪತ್ರಕರ್ತರಾಗಿದ್ದರು. 1970ರ ದಶಕದ ಶುರುವಿನಲ್ಲಿ 'ಕಪಾಂತಾಯ್ ಆಯ್ ಲಾಂಗಿತ್' ಸಿನಿಮಾದ ಹಾಡು ಅವರಿಗೆ ಹೆಸರು ತಂದಿತು. ಆಮೇಲೆ ಚಿತ್ರಗಳ ಶೀರ್ಷಿಕೆ ಗೀತೆ ಅಂದರೆ ಕಾನ್ಸೆಕೊ ಅನ್ನುವಷ್ಟು ಬೇಡಿಕೆ. ಅನೇಕ ಹಾಡುಗಳಿಗೆ ಮಾತು, ರಾಗ ಎರಡೂ ಅವರದ್ದೇ.

ಅವರ ಶೀರ್ಷಿಕೆಗಳೇ ಒಂದು ಮಜಾ. 'ಗಾನೊ ಕದಾಲಾಸ್ ಆಂಗ್ ಮಿನ್ಸಾನ್' ಅಂದರೆ, 'ಒಮ್ಮೆ' ಅನ್ನುವುದು ಎಷ್ಟು ಸಲ? ಉತ್ತರ ಹೇಳಿ ನೋಡೋಣ! 'ಲಾಂಗಿಸ್ ಆತ್ ತುಬಿಗ್' ಅಂದರೆ ಎಣ್ಣೆ ಮತ್ತು ನೀರು. ನಮ್ಮಲ್ಲಾದರೆ ಎಣ್ಣೆ ಸೀಗೇಕಾಯಿ ಅನ್ನುತ್ತಿದ್ದೆವು, ಅಲ್ವಾ?

1979ರಲ್ಲಿ ಗಾಯಕಿ ದುಲ್ಸೆ ಹಾಂಗ್‌ಕಾಂಗ್‌ನ ಏಷ್ಯಾ ಮಟ್ಟದ ಸ್ಪರ್ಧೆ ಗೆದ್ದದ್ದೂ ಇವರ ಹಾಡಿನಿಂದಲೇ. ನನಗೆ ಜಾಸ್ತಿ ಹಿಡಿಸುವುದು ಮಾತ್ರ ಬಾಸಿಲ್ ವಾಲ್ಡೆಸ್ ಹಾಡಿರುವ 'ಕಸ್ತಿಲ್ಯೋಂಗ್ ಬುಹಾಂಗಿನ್', ಮರಳಿನ ಕೋಟೆ. ಮೆಲ್ಲಗೆ ಶುರುವಾಗಿ, ಕೊನೆಗೆ ದನಿ ಏರುತ್ತಾ ಹೋಗುತ್ತದೆ. ಹೆಡ್‌ಫೋನ್ ಹಾಕಿಕೊಂಡೇ ಕೇಳಿ.

ಕಾನ್ಸೆಕೊ ಮುಂದೆ ಫಿಲಿಪೀನ್ಸ್‌ನ ಕೆಸಾನ್ ಸಿಟಿಯ ಕೌನ್ಸಿಲರ್ ಕೂಡ ಆದರು. ತೀರಿಕೊಂಡದ್ದು 2004ರಲ್ಲಿ.

ಭಾನುವಾರ ಸಂಜೆಯೊಳಗೆ ಮೂರು ಹಾಡನ್ನಾದರೂ ಕೇಳಿ, ಅನಿಸಿದ್ದನ್ನು ಒಂದು ನಿಮಿಷದ ವಾಯ್ಸ್ ಮೆಸೇಜ್‌ನಲ್ಲಿ ಹೇಳಿ. ಸುಮ್ನೆ ಹೆಬ್ಬೆಟ್ಟು ಒತ್ತಿ ಹೋಗಬೇಡಿ. ಗುಡ್ ಮಾರ್ನಿಂಗ್ ಹೂವುಗಳಿಗೂ ಅವತ್ತು ರಜೆ.