ಪಡಿತರ ಅಕ್ಕಿ ಸಾಗಿಸಿದ ಲಾರಿ ಮತ್ತೆ ರಸ್ತೆಗೆ

ಸಂಪಾದಕರೇ,

ಹಾವೇರಿ ಜಿಲ್ಲೆಯ ಹಳ್ಳಿಯೊಂದರಲ್ಲಿ 19 ವರ್ಷಗಳಿಂದ ಹಿಟ್ಟಿನ ಗಿರಣಿ ನಡೆಸುತ್ತಿದ್ದೇನೆ. ಕಳೆದ ಶ್ರಾವಣದ ಒಂದು ರಾತ್ರಿ ಅಧಿಕಾರಿಗಳು ಬಾಗಿಲು ತಟ್ಟಿ, ಪಂಚನಾಗಿ, ಅಂದರೆ ಜಪ್ತಿಗೆ ಸಾಕ್ಷಿಯಾಗಿ, ಬರಬೇಕೆಂದು ಕರೆದರು. ಗಿರಣಿಯ ಹಿಂದಿನ ತಗಡಿನ ಶೆಡ್ಡಿನ ಮುಂದೆ ಮಿನಿ ಲಾರಿ ನಿಂತಿತ್ತು. ಒಳಗೆ ತಲಾ 50 ಕಿಲೋದ 62 ಚೀಲ ಅಕ್ಕಿ. ಸರ್ಕಾರಿ ಮುದ್ರೆಯ ಗೋಣಿಚೀಲ ಒಂದೂ ಇರಲಿಲ್ಲ. ಎಲ್ಲವೂ ಬಿಳಿ ಪ್ಲಾಸ್ಟಿಕ್ ಚೀಲ, ಬಾಯಿಗೆ ಹೊಸ ಹೊಲಿಗೆ. ಇದು ಅಂಗಡಿಯ ಅಕ್ಕಿ ಎಂದು ಚಾಲಕ ವಾದಿಸಿದ.

ಒಂದು ಹಿಡಿಯನ್ನು ಅಂಗೈಗೆ ಸುರಿದುಕೊಂಡು ಟಾರ್ಚ್ ಬೆಳಕಿಗೆ ಹಿಡಿದೆ. ಅಲ್ಲೊಂದು ಇಲ್ಲೊಂದು ಬೇರೆಯದೇ ಬಣ್ಣದ ಕಾಳುಗಳು ಕಂಡವು. ಅಕ್ಕಿ ಹಿಟ್ಟಿಗೆ ಕಬ್ಬಿಣಾಂಶ, ಫೋಲಿಕ್ ಆಮ್ಲ, ಬಿ12 ಸೇರಿಸಿ ಯಂತ್ರದಲ್ಲಿ ಅಚ್ಚು ಹಾಕಿದ ಸಾರವರ್ಧಿತ ಕಾಳು ಅದು. 100 ಕಿಲೋ ಪಡಿತರ ಅಕ್ಕಿಗೆ ಒಂದು ಕಿಲೋದಂತೆ ಬೆರೆಸುತ್ತಿದ್ದರು. ನಮ್ಮೂರ ಹೆಣ್ಣುಮಕ್ಕಳು ಅದನ್ನು ಪ್ಲಾಸ್ಟಿಕ್ ಅಕ್ಕಿಯೆಂದು ಹೆದರಿ ಆರಿಸಿ ಚೆಲ್ಲುತ್ತಾರೆ. ಚೆಲ್ಲಬೇಡಿರೆಂದು ಗಿರಣಿಗೆ ಬಂದವರಿಗೆಲ್ಲ ಹೇಳುತ್ತಲೇ ಇದ್ದೇನೆ. ಚೀಲ ಬದಲಾಯಿಸಿದವರು ಆ ಕಾಳನ್ನು ಆರಿಸುವ ಗೋಜಿಗೆ ಹೋಗಿರಲಿಲ್ಲ. ಮಾದರಿ ತೆಗೆದು ಅರಗು ಹಾಕಿದರು. ನಾನು ಸಹಿ ಮಾಡಿದೆ.

ಮೂರು ವಾರ ಕಳೆಯುವುದರೊಳಗೆ ಅದೇ ಲಾರಿ ಅದೇ ರಸ್ತೆಯಲ್ಲಿ ಓಡಾಡತೊಡಗಿತು. ಹೊಟ್ಟೆ ಉರಿಯಿತು. ವಕೀಲರೊಬ್ಬರಿಂದ 1955ರ ಅಗತ್ಯ ವಸ್ತುಗಳ ಕಾಯ್ದೆಯನ್ನು ತರಿಸಿಕೊಂಡು ಓದಿದೆ. 7ನೇ ಕಲಮಿನಲ್ಲಿ ಮೂರು ತಿಂಗಳಿಂದ ಏಳು ವರ್ಷದವರೆಗೆ ಜೈಲು, ಜೊತೆಗೆ ದಂಡ ಎಂದಿದೆ. ಕಾಳಸಂತೆಕೋರರನ್ನು ಆರು ತಿಂಗಳವರೆಗೆ ಬಂಧನದಲ್ಲಿಡಲು 1980ರ ಇನ್ನೊಂದು ಕಾಯ್ದೆಯೂ ಇದೆ. ಶಿಕ್ಷೆಗೆ ಕೊರತೆಯಿಲ್ಲ. ಆದರೆ ಮುಟ್ಟುಗೋಲಿನ ಅಧಿಕಾರವನ್ನು ಜಿಲ್ಲಾಧಿಕಾರಿಗೆ ಕೊಡುವ 6ಎ ಕಲಮಿನಲ್ಲೇ ಒಂದು ಕಿಂಡಿ ಉಳಿದಿದೆ. ಬಾಡಿಗೆಗೆ ಓಡುವ ಗಾಡಿಯಾದರೆ, ಜಪ್ತಿಯ ದಿನ ಸರಕಿಗಿದ್ದ ಮಾರುಕಟ್ಟೆ ಬೆಲೆಯನ್ನು ಮೀರದ ದಂಡ ಕಟ್ಟಿ ಮಾಲೀಕ ಅದನ್ನು ಉಳಿಸಿಕೊಳ್ಳಬಹುದು.

2023ರಲ್ಲಿ ಅನ್ನಭಾಗ್ಯದ ಹೆಚ್ಚುವರಿ ಅಕ್ಕಿಯ ಬದಲು ಕಿಲೋಗೆ 34 ರೂಪಾಯಿಯಂತೆ ಸರ್ಕಾರವೇ ಖಾತೆಗೆ ಹಾಕಿತ್ತು. ಆ ದರ ಹಿಡಿದರೆ 31 ಕ್ವಿಂಟಲ್‌ಗೆ 1,05,400 ರೂಪಾಯಿ. ಹಲವು ಲಕ್ಷದ ಲಾರಿಗೆ ಇದು ನಾಲ್ಕಾರು ಬಾಡಿಗೆಯಲ್ಲಿ ದುಡಿದು ತೀರಿಸುವ ಖರ್ಚು. ಈ ಅವಕಾಶ ಒಂದು ಗಾಡಿಗೆ ಒಂದೇ ಸಲ ಸಿಗುವಂತೆ ಸಂಸತ್ತು ಕಾಯ್ದೆ ತಿದ್ದಬೇಕು. ಅಲ್ಲಿಯವರೆಗೆ ಜಿಲ್ಲಾಧಿಕಾರಿಗಳು ದಂಡವನ್ನು ಪೂರ್ತಿ ಬೆಲೆಗೇ ವಿಧಿಸಲಿ, ಒಂದು ರೂಪಾಯಿಯನ್ನೂ ಇಳಿಸದಿರಲಿ.

ಇನ್ನೊಂದು ಸಂಗತಿ ನನ್ನನ್ನು ಕಾಡುತ್ತಿದೆ. ಚೀಲ ತೂಗುವಾಗ ಚಾಲಕನ ಮೊಬೈಲ್ ಏಳು ಸಲ ರಿಂಗಾಯಿತು. ಪ್ರತಿ ಸಲವೂ ಪರದೆಯ ಮೇಲೆ ಅದೇ ನಂಬರು. ನಾನು ಸಹಿ ಹಾಕಿದ ಹಾಳೆಗಳಲ್ಲಿ ಚೀಲಗಳ ಎಣಿಕೆ, ತೂಕ, ಗಾಡಿಯ ನಂಬರು ಎಲ್ಲವೂ ಇದ್ದವು. ಅಕ್ಕಿ ಯಾರಿಗೆ ಹೊರಟಿತ್ತು ಎಂಬ ಒಂದು ಸಾಲೂ ಇರಲಿಲ್ಲ. ಕೊಳ್ಳುವ ಕುಳ ಸಿಗದೆ ಚಾಲಕನೊಬ್ಬನೇ ಆರೋಪಿಯಾದರೆ ಏಳು ವರ್ಷದ ಶಿಕ್ಷೆ ಯಾರಿಗಾಗಿ?

ಆದರೆ ನಮ್ಮೂರಿನಲ್ಲಿ ಬಿಸಿ ಮುಟ್ಟಿದ್ದು ಅಂತ್ಯೋದಯ ಚೀಟಿಯ ಅಜ್ಜಿಯೊಬ್ಬರಿಗೆ. ಅವರು ಉಣ್ಣುವುದು ಜೋಳದ ರೊಟ್ಟಿ. ಬಿಪಿ ಮಾತ್ರೆಗೆಂದು ಹತ್ತು ಕಿಲೋ ಅಕ್ಕಿಯನ್ನು ಮನೆ ಬಾಗಿಲಿಗೆ ಬಂದವನಿಗೆ ಕೊಟ್ಟಿದ್ದರು. ಮಾರಿದ್ದು ತಪ್ಪೇ, ನಾನೂ ಅವರಿಗೆ ಹಾಗೆಯೇ ಹೇಳಿದೆ. ಚೀಟಿ ರದ್ದಾಗುತ್ತದೆಂಬ ಸುದ್ದಿ ಕೇಳಿ ಅವರು ಎರಡು ದಿನ ಊಟ ಬಿಟ್ಟು ಕುಳಿತರು. ಹತ್ತು ಕಿಲೋ ಕೊಟ್ಟವರಿಗೆ ಇಷ್ಟು ಭಯವಿದ್ದರೆ 31 ಕ್ವಿಂಟಲ್ ಕೂಡಿಸಿದವನಿಗೆ ಎಷ್ಟಿರಬೇಕು?

ಪ್ರಕರಣ ಇನ್ನೂ ವಿಚಾರಣೆಗೆ ಬಂದಿಲ್ಲ. ಸಾಕ್ಷಿ ಹೇಳದಂತೆ ಇಬ್ಬರು ಬಂದು ಬುದ್ಧಿ ಹೇಳಿ ಹೋಗಿದ್ದಾರೆ. ಸಮನ್ಸ್ ಬಂದ ದಿನ ಗಿರಣಿಗೆ ಬೀಗ ಹಾಕಿ ನ್ಯಾಯಾಲಯಕ್ಕೆ ಹೋಗುತ್ತೇನೆ, ಅಂಗೈಯಲ್ಲಿ ಕಂಡದ್ದನ್ನು ಕಂಡಂತೆಯೇ ಹೇಳುತ್ತೇನೆ.

– ಹಿಟ್ಟಿನ ಗಿರಣಿ ಮಾಲೀಕ, ಹಾವೇರಿ ಜಿಲ್ಲೆ