ಬರ್ತಾ ಲ್ಯಾಂಡಿಸ್ ಬಗ್ಗೆ ಬರೆಯುವವರ ಗಮನಕ್ಕೆ

ಸದಸ್ಯರೇ, ಲ್ಯಾಂಡಿಸ್ ಅವರನ್ನು ‘ಅಮೆರಿಕದ ಮೊದಲ ಮಹಿಳಾ ಮೇಯರ್’ ಎಂದು ಬರೆಯಬೇಡಿ. ಕ್ಯಾನ್ಸಸ್‌ನ ಅರ್ಗೋನಿಯಾ ಎಂಬ ಪುಟ್ಟ ಊರಿನಲ್ಲಿ ಸುಸಾನಾ ಸಾಲ್ಟರ್ 1887ರಲ್ಲೇ ಮೇಯರ್ ಆಗಿದ್ದರು. ಲ್ಯಾಂಡಿಸ್ ಅಮೆರಿಕದ ದೊಡ್ಡ ನಗರವೊಂದಕ್ಕೆ ಮೇಯರ್ ಆದ ಮೊದಲ ಮಹಿಳೆ; ಆ ನಗರ ಸಿಯಾಟಲ್. ‘ದೊಡ್ಡ ನಗರ’ ಎಂಬ ಮಾತು ಬಿಟ್ಟುಹೋದರೆ ವಾಕ್ಯವೇ ತಪ್ಪಾಗುತ್ತದೆ.

ಹುಟ್ಟಿದ್ದು 1868, ಮ್ಯಾಸಚೂಸೆಟ್ಸ್‌ನಲ್ಲಿ. ಇಂಡಿಯಾನಾ ವಿಶ್ವವಿದ್ಯಾಲಯದಲ್ಲಿ ಇತಿಹಾಸ ಓದಿದವರು. ಪತಿ ಹೆನ್ರಿ ಭೂವಿಜ್ಞಾನಿ. ಸಿಯಾಟಲ್‌ನ ಮಹಿಳಾ ಕ್ಲಬ್‌ಗಳ ಒಕ್ಕೂಟವನ್ನು ನಡೆಸಿದ ಅನುಭವವೇ ರಾಜಕೀಯಕ್ಕೆ ಮೆಟ್ಟಿಲಾಯಿತು. 1922ರಲ್ಲಿ ಅವರೂ ಕ್ಯಾಥರಿನ್ ಮಿರಾಕಲ್ ಅವರೂ ನಗರಸಭೆಗೆ ಆಯ್ಕೆಯಾದರು. ಅಲ್ಲಿಗೆ ಹೋದ ಮೊದಲ ಹೆಂಗಸರು ಇವರಿಬ್ಬರೇ.

ಎಡವುವ ಇನ್ನೊಂದು ಜಾಗ 1924. ಆಗ ಅವರು ನಗರಸಭೆಯ ಅಧ್ಯಕ್ಷೆ. ಮೇಯರ್ ಎಡ್ವಿನ್ ಬ್ರೌನ್ ಪಕ್ಷದ ಸಮಾವೇಶಕ್ಕೆಂದು ನ್ಯೂಯಾರ್ಕ್‌ಗೆ ಹೋದಾಗ ನಿಯಮದಂತೆ ಹಂಗಾಮಿ ಮೇಯರ್ ಆದರು, ಅಷ್ಟೇ. ಆದರೆ ಸುಮ್ಮನೆ ಕುರ್ಚಿ ಕಾಯಲಿಲ್ಲ: ಇಲಾಖೆಯ ಭ್ರಷ್ಟರನ್ನು ಕಿತ್ತುಹಾಕಿ ಎಂದರೆ ಒಪ್ಪದ ಪೊಲೀಸ್ ಮುಖ್ಯಸ್ಥ ಸೆವರಿನ್ಸ್‌ರನ್ನೇ ವಜಾ ಮಾಡಿದರು! ಬ್ರೌನ್ ಮರಳಿದ್ದೇ ತಡ, ಸೆವರಿನ್ಸ್‌ರನ್ನು ಮತ್ತೆ ಅದೇ ಹುದ್ದೆಯಲ್ಲಿ ಕೂರಿಸಿದರು. ಈ ಕೊನೆಯ ಸಂಗತಿ ಬಿಟ್ಟರೆ ಕಥೆ ಅರ್ಧವೇ.

ಚುನಾಯಿತ ಮೇಯರ್ ಆದದ್ದು 1926ರಲ್ಲಿ, ಇದೇ ಬ್ರೌನ್‌ರನ್ನು ಸೋಲಿಸಿ. ಅವಧಿ ಎರಡೇ ವರ್ಷ. 1928ರಲ್ಲಿ ಫ್ರಾಂಕ್ ಎಡ್ವರ್ಡ್ಸ್ ಎದುರು ಸೋತರು. 1943ರಲ್ಲಿ ನಿಧನ. ಸಿಯಾಟಲ್ ಮತ್ತೊಬ್ಬ ಮಹಿಳೆಯನ್ನು, ಜೆನ್ನಿ ಡರ್ಕನ್ ಅವರನ್ನು, ಮೇಯರ್ ಆಗಿ ಆರಿಸಿದ್ದು 2017ರಲ್ಲಿ.