ಏಟು ತಿಂದವರ ಹೆಸರೂ ಬರಲಿ

ಮಾನ್ಯ ಸಂಪಾದಕರೇ,

ಮೆಕ್ಸಿಕೊದ ಮುಖವಾಡದ ಪೈಲ್ವಾನರ ಸಿನಿಮಾ ಕುರಿತು ಭಾನುವಾರದ ಪುರವಣಿಯಲ್ಲಿ ಬಂದ ಬರಹ ಚೆನ್ನಾಗಿತ್ತು. ಆದರೆ ಶ್ರೇಯವೆಲ್ಲ ಬೆಳ್ಳಿ ಮುಖವಾಡದ ಎಲ್ ಸಾಂಟೊ ಒಬ್ಬರಿಗೇ ಹೋಗಿದೆ. ಅವರನ್ನು ಕ್ಯಾಮೆರಾ ಮುಂದೆ ತಂದವರಲ್ಲಿ ಮುಖ್ಯರು ಫೆರ್ನಾಂಡೊ ಓಸೆಸ್. ಸ್ಪೇನ್ ಮೂಲದ ಕುಸ್ತಿಪಟು, ಪೋಷಕ ನಟ, ಸಾಲದ್ದಕ್ಕೆ ಚಿತ್ರಕಥೆಗಾರ. 1958ರಲ್ಲಿ ಕ್ಯೂಬಾದಲ್ಲಿ ಚಿತ್ರೀಕರಿಸಿದ ಮೊದಲ ಎರಡು ಚಿತ್ರಗಳಲ್ಲಿ ಸಾಂಟೊ ಅವರದೇ ಪೋಷಕ ಪಾತ್ರ!

ಮುಖವಾಡ ಹಾಕಿದವರ ಹುಬ್ಬು, ಕೆನ್ನೆ ಕಾಣವು. ಮಾತೂ ಎಷ್ಟೋ ಸಲ ಡಬ್ಬಿಂಗ್‌ನಲ್ಲಿ ಬೇರೆಯವರದು. ಹೀಗಾಗಿ ಭಯ, ಆತಂಕ ಪ್ರೇಕ್ಷಕರಿಗೆ ಮುಟ್ಟುವುದು ಎದುರಿಗೆ ನಿಂತ ಪ್ರೊಫೆಸರ್, ಅವರ ಮಗಳು, ಪೊಲೀಸ್ ಅಧಿಕಾರಿಯ ಮುಖದಿಂದ.

ಹೊಡೆದಾಟದಲ್ಲಂತೂ ಕಷ್ಟವೆಲ್ಲ ಖಳನದು. ಮುಖವಾಡದ ಕಣ್ಣಿನ ತೂತು ಕಿರಿದು, ಪಕ್ಕದಿಂದ ಬಂದವನು ಸರಿಯಾಗಿ ಕಾಣುವುದಿಲ್ಲ. ಅದಕ್ಕೇ ಎದುರಿನಿಂದ ಬರಬೇಕು. ಬೀಳುವಾಗ ಗದ್ದ ಎದೆಗೆ ಒತ್ತಿ, ಅಂಗೈ-ಮುಂಗೈ ಒಟ್ಟಿಗೆ ನೆಲಕ್ಕೆ ಬಡಿಯಬೇಕು. ಗದ್ದ ಎತ್ತಿದರೆ ತಲೆಯ ಹಿಂಭಾಗವೇ ಮೊದಲು ತಾಗುತ್ತದೆ. ಪ್ರಯೋಗಾಲಯದ ಸೆಟ್‌ನಲ್ಲಿ ನಮ್ಮ ಜಾತ್ರೆ ಕುಸ್ತಿಯ ಹದ ಮಾಡಿದ ಕೆಮ್ಮಣ್ಣು ಇರುವುದಿಲ್ಲವಲ್ಲ.

ಇನ್ನೊಂದು. ಕೆಲವು ಚಿತ್ರಗಳ ನಡುವೆ ಅಧ್ಯಾಯದ ಶೀರ್ಷಿಕೆ ಬರುವುದು ಸಂಕಲನದ ತಪ್ಪಲ್ಲ. ಮೆಕ್ಸಿಕೊದ ‘ಎಸ್ಟುಡಿಯೋಸ್ ಅಮೆರಿಕಾ’ ಎಂಬ ಸ್ಟುಡಿಯೊದ ಕಾರ್ಮಿಕ ಸಂಘಕ್ಕೆ ಪೂರ್ಣಾವಧಿ ಚಿತ್ರ ತೆಗೆಯುವ ಅಧಿಕಾರ ಇರಲಿಲ್ಲ; ಕಿರುಕಂತುಗಳೆಂದು ತೆಗೆದು ಜೋಡಿಸುತ್ತಿದ್ದರು.

ಮುಂದೆ ದಾರಾ ಸಿಂಗ್ ಚಿತ್ರಗಳ ಬಗ್ಗೆ ಬರೆಸಿದರೆ ಅವರಿಂದ ಏಟು ತಿಂದವರ ಹೆಸರನ್ನೂ ದಯವಿಟ್ಟು ಹಾಕಿಸಿ.

– ಕೆಲವು ಸಿನಿಮಾಸಕ್ತರು, ಕಲಬುರಗಿ